ಇಪ್ಪತ್ತೇಳನೇ ನಂಬರಿನ ಮೊಣಕೈ

ಮೇ 4, ಭಾನುವಾರ

ಮೊಳಗಲಿ ನಗಾರಿ! ನಿನ್ನೆ ಮಿಶಿಗನ್ನಿನ ಈ ಪ್ಲಿಮತ್ತಿನ ಪಾರ್ಕಿನಲ್ಲಿ ಐದು ವಿಕೆಟ್ ಉರುಳಿದವು. ಐದನ್ನೂ ಉರುಳಿಸಿದ ಕೈ ಇದೇ, ಈ ಸಾಲು ಬರೆಯುತ್ತಿರುವ ಕೈ. ಮೂವತ್ತೆಂಟು ತುಂಬಿದ ಶಿವಬಸಪ್ಪ ಮುಗಿದ ಎಂದವರು ಯಾರು? ಬನ್ನಿ, ಬೆಳಕಿಗೆ ಬನ್ನಿ, ನಿಮ್ಮ ಮುಖ ನೋಡಬೇಕು ನನಗೆ!

ಯಾರೂ ಬರಲಿಲ್ಲ. ನಿನ್ನೆಯ ಪ್ರೇಕ್ಷಕರು ಒಟ್ಟು ಮೂವರು. ಅವರಲ್ಲಿ ಒಬ್ಬ ನಾಯಿ ಹಿಡಿದುಕೊಂಡು ಬಂದಿದ್ದ. "ಇದು ಎಷ್ಟು ಹೊತ್ತಿನ ಆಟ?" ಎಂದು ಕೇಳಿದ. "ಏಳು ತಾಸು" ಎಂದೆ. ನಾಯಿಯೇ ಅವನನ್ನು ಎಳೆದುಕೊಂಡು ಹೋಯಿತು.

ಇರಲಿ. ಈ ಪುಸ್ತಕದ ಮೊದಲ ಪುಟದಲ್ಲೇ ಗುರಿ ಬರೆದಿಡುತ್ತೇನೆ. ಜುಲೈ ಇಪ್ಪತ್ತಾರಕ್ಕೆ ಚಿಕಾಗೋ ಪಕ್ಕದ ಮೈದಾನದಲ್ಲಿ ಆಯ್ಕೆಯ ಆಟ. ನಮ್ಮ ಸೀಮೆಯಿಂದ ಒಬ್ಬನೇ ಒಬ್ಬ ಆಫ್ ಸ್ಪಿನ್ನರ್ ಅಮೆರಿಕ ತಂಡದ ಶಿಬಿರಕ್ಕೆ ಹೋಗುತ್ತಾನೆ. ಈ ದೇಶದ ಅಂಗಿ ತೊಟ್ಟು ಆರು ಪಂದ್ಯ ಆಡಿದವನು ನಾನು. ಆ ಆರರ ಸುದ್ದಿ ನನ್ನ ಆಫೀಸಿನಲ್ಲಿ ಇಂದಿಗೂ ಒಬ್ಬರಿಗೂ ಗೊತ್ತಿಲ್ಲ. ರಜೆಯ ಅರ್ಜಿಯಲ್ಲಿ ನನ್ನ ಮ್ಯಾನೇಜರ್, ಕ್ರಿಕೆಟ್ ಎಂದರೇನೆಂದು ತಿಳಿಯದೆ, "ಕ್ರೋಕೆ ಆಟಕ್ಕಾಗಿ" ಎಂದು ಬರೆದು ಸಹಿ ಹಾಕುತ್ತಾನೆ. ನನಗೆ ಏಳನೆಯ ಪಂದ್ಯ ಬೇಕು. ಏಳನೆಯದನ್ನು ಆಡಿ, ಪರದೆಯನ್ನು ನಾನೇ ಎಳೆಯಬೇಕು. ಬೇರೆಯವರು ಎಳೆಯಬಾರದು.

ಎಳೆಯಲು ಹವಣಿಸುವವನೊಬ್ಬ ಇದ್ದಾನೆ. ಚೇತನ್. ಇಪ್ಪತ್ತೆರಡು ವರ್ಷ, ಹುಟ್ಟಿದ್ದು ಬೆಳೆದದ್ದು ಇಲ್ಲಿಯೇ, ವಿಕ್ಸಮ್ ಕ್ಲಬ್ಬಿನ ಆಫ್ ಸ್ಪಿನ್ನರ್. ಕಳೆದ ವರ್ಷ ನನ್ನ ಎಸೆತಕ್ಕೆ ಚಪ್ಪಾಳೆ ತಟ್ಟಿ "ನೈಸ್ ಬಾಲ್, ಅಂಕಲ್!" ಎಂದಿದ್ದ. ಅಂಕಲ್! ನಮ್ಮಪ್ಪ ನಾಟಕ ಕಂಪನಿಯಲ್ಲಿ ಮೂವತ್ತು ವರ್ಷ ಖಳನ ಪಾರ್ಟು ಮಾಡಿದವನು. ಹೆಚ್ಚು ನಗುವವನ ಸೊಂಟದಲ್ಲಿ ಕತ್ತಿ ಇರುತ್ತದೆ ಎಂಬುದನ್ನು ನಾನು ಗದಗಿನ ಕ್ಯಾಂಪಿನ ಟ್ರಂಕುಗಳ ನಡುವೆ ಅಂಬೆಗಾಲಿಡುವಾಗಲೇ ಕಲಿತೆ.

ಚೆಂಡು ಈ ವರ್ಷ ಎಂದಿಗಿಂತ ಜೋರಾಗಿ ತಿರುಗುತ್ತಿದೆ. ದೈವದ ದಯೆ. ಬಲಭುಜ ಸ್ವಲ್ಪ ಹಿಡಿದಿದೆ. ವಸುಧಾ "ಕೈ ಮೇಲಕ್ಕೆತ್ತಿ, ನೋಡೋಣ" ಎಂದಳು. ಹೆಂಡತಿ ಫಿಸಿಯೋಥೆರಪಿಸ್ಟ್ ಆದರೆ ಗಂಡ ದಿನವೂ ರೋಗಿ. ಎತ್ತಲಿಲ್ಲ.

ಈ ಪುಸ್ತಕ ಗ್ಯಾರೇಜಿನಲ್ಲಿ ಹಿಮ ತೆಗೆಯುವ ಮಷಿನ್ನಿನ ಹಿಂದೆ ಇರುತ್ತದೆ. ನವೆಂಬರ್ ತನಕ ಅಲ್ಲಿಗೆ ಯಾರೂ ಕೈ ಹಾಕುವುದಿಲ್ಲ.

ಮೇ 18, ಭಾನುವಾರ

ನಮ್ಮ ಲೀಗಿನಲ್ಲಿ ಸಂಬಳದ ಅಂಪೈರುಗಳಿಲ್ಲ. ಆಟವಿಲ್ಲದ ಶನಿವಾರ ಬೇರೆ ಕ್ಲಬ್ಬುಗಳ ಪಂದ್ಯಕ್ಕೆ ನಾವೇ ಹೋಗಿ ನಿಲ್ಲಬೇಕು. ನಿನ್ನೆ ನನ್ನನ್ನೂ ನಮ್ಮ ಕ್ಯಾಪ್ಟನ್ ಕಲ್ಮೇಶನನ್ನೂ ವಿಕ್ಸಮ್‌ಗೆ ಹಾಕಿದ್ದರು.

ವಿಕ್ಸಮ್! ಮೂರು ವರ್ಷದ ಹಿಂದಿನ ತನಕ ನಾನೂ ಅದೇ ಕ್ಲಬ್ಬಿನವನು. ಕ್ಯಾಪ್ಟನ್ ಮಾಡಲಿಲ್ಲವೆಂದು ಪಿಚ್ಚಿನ ನಡುವೆಯೇ ಅಂಗಿ ಕಳಚಿ ನೆಲಕ್ಕೆ ಬಿಸಾಕಿ, ಬರಿಮೈಯಲ್ಲಿ ಕಾರಿನ ತನಕ ನಡೆದು ಬಂದಿದ್ದೆ. ಐವತ್ತೆರಡು ಡಿಗ್ರಿ ಫ್ಯಾರನ್‌ಹೀಟ್, ನಡುಗುವ ಚಳಿ ಅವತ್ತು. ತಿರುಗಿ ನೋಡಲಿಲ್ಲ.

ಆ ಅಂಗಿ ನಿನ್ನೆ ನನ್ನ ಕಣ್ಣೆದುರಿಗೆ ಬಂತು. ಅದೇ ಇಪ್ಪತ್ತೇಳನೇ ನಂಬರು, ಚೇತನನ ಬೆನ್ನ ಮೇಲೆ! ಇದು ಆಕಸ್ಮಿಕವೇ? ಕ್ಲಬ್ಬಿನಲ್ಲಿ ಬೇರೆ ಅಂಗಿಯೇ ಇರಲಿಲ್ಲವೇ? ನಾನು ಅಂಪೈರಾಗಿ ಬರುತ್ತೇನೆಂದು ತಿಳಿದೇ ಹುಡುಗನಿಗೆ ತೊಡಿಸಿ ಕಳಿಸಿದ್ದಾರೆ. ನನ್ನನ್ನು ಕೆಣಕುವ ಹುನ್ನಾರ.

ಆದರೆ ಸ್ಕ್ವೇರ್ ಲೆಗ್ಗಿನಲ್ಲಿ ನಿಂತವನಿಗೆ ಅಂಗಿಯ ಜೊತೆ ಮೊಣಕೈಯೂ ಕಾಣುತ್ತದೆ. ಹುಡುಗ ಓಡಿ ಬಂದ, ಕೈ ಬೀಸಿದ. ಮೊಣಕೈ ಬಾಗಿತ್ತು! ಆರು ಓವರ್ ಕಣ್ಣೆವೆ ಮುಚ್ಚದೆ ನೋಡಿದೆ. ಪ್ರತಿ ಎಸೆತಕ್ಕೂ ಬಾಗಿತ್ತು. ಇದು ಬೌಲಿಂಗ್ ಅಲ್ಲ, ಕಲ್ಲೆಸೆತ. ಬಾಗಿದ ಮೊಣಕೈಯನ್ನು ಎಸೆಯುವಾಗ ನೆಟ್ಟಗೆ ಮಾಡುವುದು ಈ ಆಟದಲ್ಲಿ ಕಳ್ಳತನ.

ಸಂಜೆ ಲೀಗಿನ ಅಂಪೈರ್ ವರದಿಯನ್ನು ಫೋನಿನಲ್ಲಿ ತುಂಬಿದೆ. ಆಟಗಾರನ ಹೆಸರೆಂಬ ಖಾನೆಯನ್ನು ಖಾಲಿ ಬಿಟ್ಟೆ. ನ್ಯಾಯಪೀಠದಲ್ಲಿ ಕುಳಿತವನಿಗೆ ಹೆಸರಿನ ಹಂಗೇಕೆ? ನಾಳೆ ಯಾರಾದರೂ "ಇದು ಹೊಟ್ಟೆಕಿಚ್ಚು" ಎಂದಾರು. ಕ್ಲಬ್ಬು ಮತ್ತು ನಂಬರು ಮಾತ್ರ ಬರೆದೆ. ಜೊತೆಗೆ ಒಂದೇ ವಾಕ್ಯ: "ಈ ತೋಳು ಚೆಂಡನ್ನು ಹಾಕುತ್ತಿಲ್ಲ, ಎಸೆಯುತ್ತಿದೆ, ಇದನ್ನು ಕಂಡೂ ಸುಮ್ಮನಿರುವುದು ಆಟಕ್ಕೆ ಬಗೆದ ದ್ರೋಹ." ಇಂಗ್ಲಿಷಿನಲ್ಲಿ ಬರೆದೆ. ಕನ್ನಡದಲ್ಲಿ ಇನ್ನೂ ಗುಡುಗುತ್ತದೆ.

ಕಲ್ಮೇಶನಿಗೆ ಹೇಳಲಿಲ್ಲ. ಅವನೂ ಬೆಳಗಾವಿಯವನೇ, ಒಂದೇ ತಟ್ಟೆಯಲ್ಲಿ ಉಂಡವನೇ. ಆದರೂ ಬಾಯಿ ಸಡಿಲ.

ಮೇ 31, ಶನಿವಾರ

ನಾಲ್ಕು ವಿಕೆಟ್. ಕಡೆಯವನು "ಇದು ಎಲ್ಲಿಂದ ಬಂತು?" ಎಂದು ಬ್ಯಾಟಿನ ಅಂಚನ್ನೇ ನೋಡಿಕೊಂಡು ಹೋದ. ಅಹಹಾ! ಭುಜಕ್ಕೆ ಐಸ್ ಇಟ್ಟುಕೊಂಡಿದ್ದೇನೆ. ಕಾರನ್ನು ಎಡಗೈಯಲ್ಲೇ ನಡೆಸಿಕೊಂಡು ಬಂದೆ, ಹಾಯಾಗಿತ್ತು.

ಜೂನ್ 3, ಮಂಗಳವಾರ

ಸಿಡಿಲು!

ಲೀಗಿನಿಂದ ಮೇಲ್ ಬಂದಿದೆ. "ಪ್ರಿಯ ಶಿವಬಸಪ್ಪ, ನಿಮ್ಮ ಬೌಲಿಂಗ್ ಶೈಲಿ ಸಂದೇಹಾಸ್ಪದವೆಂದು ಒಬ್ಬ ಅಂಪೈರ್ ವರದಿ ಮಾಡಿದ್ದಾರೆ. ಮೂವರ ಸಮಿತಿ ನಿಮ್ಮ ಪಂದ್ಯಗಳ ವಿಡಿಯೋ ನೋಡಿ ನಿರ್ಧರಿಸುತ್ತದೆ. ದೂರು ನೀಡಿದವರ ಹೆಸರು ಗುಪ್ತ." ತೀರ್ಮಾನ ವಿರುದ್ಧವಾದರೆ ಚಿಕಾಗೋ ಪಟ್ಟಿಯಿಂದ ನನ್ನ ಹೆಸರು ಅಳಿಸಿ ಹೋಗುತ್ತದೆ.

ನನ್ನ ಶೈಲಿ! ಇಪ್ಪತ್ತೆರಡು ವರ್ಷ ಹುಬ್ಬಳ್ಳಿಯಿಂದ ಮಿಶಿಗನ್ನಿನ ತನಕ ಒಬ್ಬ ಅಂಪೈರೂ ಬೆರಳೆತ್ತದ ಶೈಲಿ!

ಯಾರು? ದೃಶ್ಯಕ್ಕೆ ಬನ್ನಿ ಒಬ್ಬೊಬ್ಬರಾಗಿ. ಚೇತನ್: ಕಾರಣ ಇದೆ, ಆದರೆ ಅವನು ನಮ್ಮ ಆಟಕ್ಕೆ ಅಂಪೈರಾಗಿ ಬಂದಿಲ್ಲ. ಬೇರೆ ಯಾರನ್ನೋ ಛೂ ಬಿಟ್ಟಿರಬಹುದು. ಕಲ್ಮೇಶ್: ಕಳೆದ ವಾರ ನಾನು ಬೌಲ್ ಮಾಡುವಾಗ ಮಿಡ್ ಆಫ್‌ನಿಂದ ಸ್ಕ್ವೇರ್ ಲೆಗ್ಗಿಗೆ ತಾನಾಗಿ ಸರಿದ. ಯಾಕೆ ಸರಿದ? ವಸುಧಾ: ಮೊನ್ನೆ ಫೋನಿನಲ್ಲಿ ಕಲ್ಮೇಶನ ಜೊತೆ ಮಾತಾಡುತ್ತಿದ್ದವಳು ನಾನು ಒಳಗೆ ಬಂದದ್ದೇ "ಸರಿ, ಆಮೇಲೆ ಮಾಡ್ತೀನಿ" ಎಂದು ಇಟ್ಟಳು. ಏನನ್ನು ಆಮೇಲೆ ಮಾಡುತ್ತಾಳೆ?

ಜೂನ್ 8, ಭಾನುವಾರ

ನಿನ್ನೆ ಬೆಳಿಗ್ಗೆ ಏಳಕ್ಕೇ ಮೈದಾನಕ್ಕೆ ಹೋದೆ. ಕಲ್ಮೇಶ್ ಒಬ್ಬನೇ ಇದ್ದ. ಇಲ್ಲಿ ಮಣ್ಣಿನ ಪಿಚ್ ಎಲ್ಲಿಂದ ಬರಬೇಕು. ಹೊರೆ ಭಾರದ ನಾರಿನ ಚಾಪೆ ಬಿಡಿಸಿ ಮೊಳೆ ಹೊಡೆಯುವುದೇ ನಮ್ಮ ಶನಿವಾರದ ಪೂಜೆ. ಒಂದು ತುದಿ ಅವನು ಹಿಡಿದ, ಇನ್ನೊಂದು ತುದಿ ನಾನು.

"ಲೇ ಕಲ್ಮ್ಯಾ," ಎಂದೆ ಸಹಜವಾಗಿ, ಚಾಪೆ ಎಳೆಯುತ್ತ, "ಮಂದಿ ಬೆನ್ನಾಗ ಚೂರಿ ಹಾಕೋರಿಗೆ ನಿದ್ದಿ ಹ್ಯಾಂಗ ಬರತೈತಿ?"

"ಯಾರ್ ಬೆನ್ನಿಗೆ ಯಾರ್ ಹಾಕಿದ್ರಪಾ?"

"ನಿನಗ ಗೊತ್ತಿರಬೇಕು."

"ನನಗ ಈಗ ಗೊತ್ತಿರೂದು ಒಂದ. ನೀ ಚಾಪಿ ಎಡಗೈಲೆ ಎಳಿಯಾಕತ್ತಿ. ಸೊಟ್ಟ ಆಗೈತಿ ನೋಡು."

"ಮಾತ್ ಹೊಳ್ಳಸಬ್ಯಾಡ!"

"ಹೊಳ್ಳಸೂದಲ್ಲೋ ಮಾರಾಯ. ಸುತ್ತಿಗಿ ಬಲಗೈಲೆ ಎತ್ತು, ನೋಡೂಣು."

ಎತ್ತಲಿಲ್ಲ. ಯಾಕೆ ಎತ್ತಬೇಕು? ವೈರಿ ಹೇಳಿದಾಗ ಕೈ ಎತ್ತುವುದು ಶರಣಾಗತಿ. ಮೊಳೆಗಳನ್ನೆಲ್ಲ ಅವನೇ ಹೊಡೆದ. ಆಮೇಲೆ ಹೆಗಲ ಮೇಲೆ ಕೈಯಿಟ್ಟು "ಮನ್ಯಾಗ ಡಾಕ್ಟರ್ ಇಟ್ಕೊಂಡು ಹಿಂಗ ಯಾಕಪಾ" ಎಂದ. ಕಂಡಿರಾ, ಬಾಯಿ ತಪ್ಪಿ ವಸುಧಾಳ ಸುಳಿವು ಕೊಟ್ಟ! ಇಬ್ಬರೂ ಒಂದೇ.

ಎರಡು ವಿಕೆಟ್. ಯಾರ ಜೊತೆಗೂ ಊಟಕ್ಕೆ ಕೂರಲಿಲ್ಲ, ಕಾರಿನಲ್ಲೇ ತಿಂದೆ.

ಜೂನ್ 15, ಭಾನುವಾರ

ಅಪ್ಪಂದಿರ ದಿನವಂತೆ. ಹನ್ನೆರಡು ವರ್ಷದ ಇಂಚರ ನನ್ನ ಫೋಟೋ ಅಚ್ಚು ಹಾಕಿಸಿದ ಕಾಫಿ ಮಗ್ ಕೊಟ್ಟಳು. ನಾನು ಬೌಲ್ ಮಾಡುತ್ತಿರುವ ಫೋಟೋ, ಅವಳೇ ತೆಗೆದದ್ದು.

ಮಗಳನ್ನು ಅಪ್ಪಿಕೊಂಡೆ. ಆಮೇಲೆ ಮಗ್ ನೋಡಿದೆ. ಚಿತ್ರದಲ್ಲಿ ಕೈ ಬಾಗಿದಂತಿದೆ. ಮಗ್ ದುಂಡಗಿರುವುದರಿಂದ ಚಿತ್ರ ಸುತ್ತಿಕೊಂಡು ಹಾಗೆ ಕಾಣುತ್ತದೆ ಎಂದು ವಿವರಿಸಿದೆ.

"ಬಟ್ ಡ್ಯಾಡಿ, ಫೋನಲ್ಲೂ ಹಂಗೇ ಇದೆ," ಎಂದಳು. "ಯೂ ಲುಕ್ ಲೈಕ್ ಯು ಆರ್ ಥ್ರೋಯಿಂಗ್ ಡಾರ್ಟ್ಸ್. ಇಟ್ಸ್ ಕೂಲ್!"

ವಸುಧಾ ಕೈಯೊರೆಸಿಕೊಂಡು ಬಂದಳು. ಮಗ್ ತಿರುಗಿಸಿ ತಿರುಗಿಸಿ ನೋಡಿ ಕೆಳಗಿಟ್ಟಳು. ಆ ನೋಟ ಯಾವ ಸಂಭಾಷಣೆಗಿಂತಲೂ ಅಪಾಯಕಾರಿ. ಕ್ಯಾಮೆರಾ ಕೋನ ಸರಿಯಿಲ್ಲ, ಅಷ್ಟೇ. ಆ ಫೋಟೋವನ್ನು ಇಂಚರ ಯಾರಿಗಾದರೂ ಕಳಿಸಿದ್ದಾಳೆಯೇ ಎಂದು ಕೇಳಿದೆ. ಅಜ್ಜಿಗೆ ಕಳಿಸಿದ್ದಾಳಂತೆ. ಅತ್ತೆಯವರು ಮೈಸೂರಿನಲ್ಲಿ ಇದ್ದಾರೆ. ಅವರ ಹೆಸರನ್ನು ಶಂಕಿತರ ಪಟ್ಟಿಯಿಂದ ತೆಗೆಯಬಹುದು.

ಜೂನ್ 21, ಶನಿವಾರ

ಜೀರಿಗೆ ಡಬ್ಬಿಯನ್ನು ಯಾರೋ ಮೇಲಿನ ಹಲಗೆಗೆ ಏರಿಸಿದ್ದಾರೆ. ಹತ್ತು ವರ್ಷದಿಂದ ಅಲ್ಲೇ ಇದೆ ಎನ್ನುತ್ತಾಳೆ ವಸುಧಾ. ಸುಳ್ಳು. ಹಾಗಿದ್ದರೆ ಇಷ್ಟು ದಿನ ಕೈಗೆ ಹೇಗೆ ಸಿಗುತ್ತಿತ್ತು?

ಜುಲೈ 2, ಬುಧವಾರ

ಇದನ್ನು ನಿಧಾನವಾಗಿ ಬರೆಯಬೇಕು.

ಆಫೀಸಿನಿಂದ ನೇರ ಪದ್ಮನಾಭ ಅಂಕಲ್ ಮನೆಗೆ ಹೋದೆ. ಲೀಗಿನ ಕಾರ್ಯದರ್ಶಿ, ಸಮಿತಿಯ ಮೂವರಲ್ಲಿ ಒಬ್ಬರು. ಬೆಂಗಳೂರಿನವರು, ಕಾರು ಕಂಪನಿಯಲ್ಲಿ ಮೂವತ್ತು ವರ್ಷ ಬ್ರೇಕ್ ವಿನ್ಯಾಸ ಮಾಡಿ ನಿವೃತ್ತರಾದವರು. ಹಿತ್ತಲಿನಲ್ಲಿ ಟೊಮೆಟೊ ಗಿಡಕ್ಕೆ ಕೋಲು ಕಟ್ಟುತ್ತಿದ್ದರು.

"ದೂರು ಕೊಟ್ಟವನ ಹೆಸರು ಹೇಳಿ!" ಎಂದೆ. ಪಕ್ಕದ ಮನೆಯ ನಾಯಿ ಬೊಗಳಿತು.

"ಮೆಲ್ಲಗೆ ಕಣಪ್ಪ, ಅಕ್ಕಪಕ್ಕ ಮನೆಗಳಿವೆ, ಇದು ಸಬ್‌ಡಿವಿಷನ್. ಹೆಸರು ಹೇಳೋ ಹಾಗಿಲ್ಲ, ರೂಲ್ಸು."

"ನನ್ನ ಇಪ್ಪತ್ತೆರಡು ವರ್ಷದ ಆಟವನ್ನು ಕತ್ತಲಲ್ಲಿ ಇರಿದವನ ಮುಖ ನೋಡದೆ ಈ ಹಿತ್ತಲಿನಿಂದ ಹೆಜ್ಜೆ ತೆಗೆಯುವುದಿಲ್ಲ."

"ಅಯ್ಯೋ, ಹಾಗೇ ನಿಂತ್ಕೋಬೇಡ, ಆ ಗಿಡ ತುಳೀತಿದೀಯ. ಒಳಗೆ ಬಾ. ಹೆಸರು ಬಿಟ್ಟು ಮಿಕ್ಕಿದ್ದು ಓದಿ ಹೇಳ್ತೀನಿ. ನಾನೂ ಸರಿಯಾಗಿ ನೋಡಿಲ್ಲ. ನಮ್ಮ ಸಮಿತಿಯ ಚಂದ್ರಮೌಳಿ ನಂಬರ್ ನೋಡಿ, ನಿನ್ನ ಹೆಸರು ಹಾಕಿ ಮೇಲ್ ಕಳಿಸಿಬಿಟ್ಟ. ನಾವೆಲ್ಲ ಪುಕ್ಕಟೆ ಕೆಲಸದವರು ಕಣೋ."

ಕಂಪ್ಯೂಟರ್ ತೆರೆದರು. ಕನ್ನಡಕ ಏರಿಸಿ ಓದತೊಡಗಿದರು. "ಈ ತೋಳು ಚೆಂಡನ್ನು ಹಾಕುತ್ತಿಲ್ಲ..." ಎಂದು ಆ ಇಂಗ್ಲಿಷ್ ವಾಕ್ಯ ಶುರು ಮಾಡಿದರು. ಉಳಿದದ್ದನ್ನು ನನ್ನ ಬಾಯಿಯೇ ಮುಗಿಸಿತು.

ಅವರು ಪರದೆಯ ಮೇಲೆ ಕೆಳಗೆ ಸರಿಸಿದರು. ಕೊನೆಯಲ್ಲಿದ್ದ ದೂರುದಾರನ ಹೆಸರು ಓದಿಕೊಂಡರು. "ಶಿವಬಸಪ್ಪ," ಎಂದರು, "ಕೂತ್ಕೋ."

ವಿಕ್ಸಮ್ ಕ್ಲಬ್, ಇಪ್ಪತ್ತೇಳನೇ ನಂಬರು. ಲೀಗಿನ ಪಟ್ಟಿಯಲ್ಲಿ ಆ ನಂಬರಿನ ಎದುರಿಗೆ ಇವತ್ತಿಗೂ ಇರುವುದು ನನ್ನ ಹೆಸರು. ಕ್ಲಬ್ ಬಿಡುವವನು ಬಿಡುಗಡೆಯ ಫಾರ್ಮ್ ತುಂಬಬೇಕು. ಅಂಗಿ ಬಿಸಾಕಿ ಬಂದವನು ಫಾರ್ಮ್ ತುಂಬಿರಲಿಲ್ಲ. ಹುಡುಗ ಆ ಕ್ಲಬ್ಬಿಗೆ ಈ ವರ್ಷ ಹೊಸಬ, ಇರುವ ಅಂಗಿಯನ್ನು ಕೊಟ್ಟಿದ್ದಾರೆ, ನಂಬರು ಬದಲಿಸಿ ನೋಂದಾಯಿಸಿಲ್ಲ.

ಒಂದು ತಿಂಗಳಿಂದ ಹುಡುಕುತ್ತಿದ್ದೆ.

"ದೂರು ಬಿದ್ದುಹೋಯ್ತು ಬಿಡು," ಎಂದರು ಅಂಕಲ್. "ತಪ್ಪು ಮನುಷ್ಯನ ಮೇಲೆ ಬಂದಿರೋದು. ಚಿಕಾಗೋ ಲಿಸ್ಟಲ್ಲಿ ನಿನ್ನ ಹೆಸರು ಇರುತ್ತೆ. ಆ ಹುಡುಗನ ಮೇಲೆ ಕೊಡಬೇಕು ಅಂದ್ರೆ ಹೊಸ ಫಾರ್ಮ್ ತುಂಬು, ಈ ಸಲ ಹೆಸರು ಬರಿ." ಖಾಲಿ ಫಾರ್ಮ್ ಒಂದನ್ನು ಅಚ್ಚು ಹಾಕಿ ಕೈಗಿತ್ತರು.

ಬಾಗಿಲ ತನಕ ಬಂದು, "ಆದ್ರೆ ನಿನ್ನ ವಿಡಿಯೋ ನಾವು ಮೂರು ಜನ ನೋಡಿಬಿಟ್ಟಿದೀವಪ್ಪ," ಎಂದರು. "ದೂರೇ ಇಲ್ಲ ಅಂದಮೇಲೆ ನಾವು ಮಾತಾಡೋ ಹಾಗಿಲ್ಲ. ನೀನೂ ಒಂದ್ಸಲ ನೋಡು. ಮೇ ಮೂರನೇ ತಾರೀಖಿಂದು, ಐದು ವಿಕೆಟ್ ತಗೊಂಡ್ಯಲ್ಲ, ಅದು."

ಅವರೂ ಚೇತನನ ಪಕ್ಷವಿರಬಹುದೇ? ಇದು ದಾರಿಯಲ್ಲಿ ಹೊಳೆದದ್ದು. ಬರೆದಿಟ್ಟಿರುತ್ತೇನೆ.

ಜುಲೈ 5, ಶನಿವಾರ

ವಿಡಿಯೋ ನೋಡಿದೆ. ಹನ್ನೊಂದು ಸಲ.

ವಿಡಿಯೋಗಳನ್ನು ತಿರುಚಬಹುದು. ಹತ್ತನೆಯ ಸಲದ ತನಕ ಹಾಗೇ ಅಂದುಕೊಂಡೆ.

ವಸುಧಾ ಅಡುಗೆಮನೆಯಲ್ಲಿ ಇದ್ದಳು. ಹೋಗಿ ಎದುರಿಗೆ ನಿಂತೆ. ಅವಳು ಒಲೆ ಆರಿಸಿ, ಬ್ಯಾಗಿನಿಂದ ಕ್ಲಿನಿಕ್ಕಿನಲ್ಲಿ ಕೀಲಿನ ಕೋನ ಅಳೆಯುವ ಪ್ಲಾಸ್ಟಿಕ್ ಪಟ್ಟಿ ತಂದಳು.

"ಎತ್ತಿ. ಎಷ್ಟು ಆಗುತ್ತೋ ಅಷ್ಟು."

ಎತ್ತಿದೆ.

"ನೂರಾ ಹದಿನೆಂಟು. ನೂರಾ ಎಪ್ಪತ್ತು ಆಗಬೇಕು. ಭುಜ ಗಟ್ಟಿಯಾಗಿದೆ ರೀ. ಕೈ ಮೇಲೆ ಹೋಗಲ್ಲ, ಅದಕ್ಕೆ ಮೊಣಕೈ ಬಗ್ಗಿಸಿ ಹೇಗೋ ಎತ್ತರಕ್ಕೆ ತಗೊಂಡು ಹೋಗ್ತಿದೀರ. ಕೊನೇಲಿ ನೆಟ್ಟಗೆ ಮಾಡ್ತೀರ. ಆ ಜರ್ಕಿಗೇ ಚೆಂಡು ತಿರುಗ್ತಿರೋದು."

"ನಿನಗ ಯಾವಾಗಿಂದ ಗೊತ್ತು?"

"ಮಾರ್ಚಿಂದ. ಸ್ವೆಟರ್ ತೆಗೆಯೋದು ನೋಡಿದಾಗ್ಲೇ."

"ಕಲ್ಮ್ಯಾಗ ಹೇಳಿದ್ದಿ."

"ಅವರೇ ಫೋನ್ ಮಾಡಿದ್ರು. ಎರಡು ಸಲ. ಶಿವ್ಯಾನ ಕೈ ಏನಾಗೈತ್ರೀ ವೈನಿ, ಅವಾ ನನ್ನ ಮಾತ್ ಕೇಳಂಗಿಲ್ಲ, ಅಂತ."

"ಮತ್ತ ನನಗ್ಯಾಕ ಹೇಳಲಿಲ್ಲ?"

"ಹೇಳಿದ್ರೆ ಏನಂತಿದ್ರಿ? ಚೇತನ್ ಎಷ್ಟು ಕೊಟ್ಟ ನಿಂಗೆ, ಅಂತ ಕೇಳ್ತಿದ್ರಿ."

ನಾನು ನಗಲಿಲ್ಲ. ಅವಳೂ ನಗಲಿಲ್ಲ. ಆಮೇಲೆ ಅವಳು ನಕ್ಕಳು. ಭುಜಕ್ಕೆ ಆರು ತಿಂಗಳಾದರೂ ಬೇಕಂತೆ. ಚಿಕಾಗೋಗೆ ಇಪ್ಪತ್ತೊಂದು ದಿನ ಉಳಿದಿದೆ.

ಜುಲೈ 12, ಶನಿವಾರ

ಶಾಲೆಯ ಗೋಡೆಗೆ ಒಬ್ಬನೇ ನಲವತ್ತು ಎಸೆತ. ಕೈ ನೇರ ಇಟ್ಟು. ತೋಳು ಪಕ್ಕದಿಂದ ಚಾಟಿಯಂತೆ ಸುತ್ತಿ ಬರುತ್ತದೆ. ಚೆಂಡು ತಿರುಗುವುದಿಲ್ಲ. ನಲವತ್ತೊಂದನೆಯದನ್ನು ಹಳೆಯ ಹಾಗೆ ಹಾಕಿದೆ. ಎಷ್ಟು ಚೆನ್ನಾಗಿ ಬಂತು!

ಅಂಕಲ್ ಕೊಟ್ಟ ಹೊಸ ಫಾರ್ಮ್ ಇನ್ನೂ ತುಂಬಿಲ್ಲ. ಮನೆಯಲ್ಲಿ ಪೆನ್ನು ಸಿಗುತ್ತಿಲ್ಲ.

ಜುಲೈ 20, ಭಾನುವಾರ

ಪಟ್ಟಿಯಲ್ಲಿ ನನ್ನ ಹೆಸರು ಇದೆ. ಚೇತನನದೂ. ದೂರು ಇಲ್ಲ, ಸಮಿತಿ ಇಲ್ಲ. ಚಿಕಾಗೋದಲ್ಲಿ ನನ್ನನ್ನು ಬಲ್ಲವರೂ ಇಲ್ಲ. ಮೂರು ಓವರ್ ಹಳೆಯ ಹಾಗೆ ಹಾಕಿದರೆ ಸಾಕು. ಏಳನೆಯ ಪಂದ್ಯ.

ಕಲ್ಮೇಶ್ ಬಂದಿದ್ದ. ಚೇತನನ ಕಾರಿನ ಗೇರ್‌ಬಾಕ್ಸ್ ಹೋಗಿದೆಯಂತೆ. "ಹೆಂಗೂ ನೀ ಹೊಂಟೀಯಲ್ಲ, ಅವನ್ನೂ ಕರ್ಕೊಂಡ್ ಹೋಗು," ಎಂದ. ನನ್ನ ಮುಖ ನೋಡಿ, "ಹಾದ್ಯಾಗ ನುಂಗಬ್ಯಾಡ ಮತ್ತ" ಎಂದೂ ಸೇರಿಸಿದ. ಅವನಿಗೆ ಊಟ ಮಾಡಿ ಹೋಗೆಂದೆ. ಮೂರು ರೊಟ್ಟಿ ತಿಂದ.

ಜುಲೈ 25, ಶುಕ್ರವಾರ. ವೆಸ್ಟ್‌ಮಂಟ್, ಚಿಕಾಗೋ ಪಕ್ಕದ ಮೋಟೆಲ್

ಇನ್ನೂರ ಎಪ್ಪತ್ತು ಮೈಲಿ ಒಂದೇ ಕಾರಿನಲ್ಲಿ. ಆನ್ ಆರ್ಬರ್ ದಾಟುವ ತನಕ ಹುಡುಗ ಕಿವಿಯಲ್ಲಿ ಏನನ್ನೋ ಸಿಕ್ಕಿಸಿಕೊಂಡಿದ್ದ. ಆಮೇಲೆ ತೆಗೆದ.

"ಅಂಕಲ್, ಕ್ಯಾನ್ ಐ ಆಸ್ಕ್? ನೀವು ಯು.ಎಸ್.ಗೆ ಆಡಿದಾಗ... ಅಮ್ಮ ಹೇಳಿದ್ರು... ನ್ಯಾಷನಲ್ ಆಂಥೆಮ್ ಹಾಕ್ತಾರಾ?"

"ಹಾಕಿದ್ದರು. ಸ್ಪೀಕರ್ ಅರ್ಧಕ್ಕೇ ನಿಂತುಹೋಯ್ತು. ಉಳಿದದ್ದನ್ನು ನಾವೇ ಹಾಡಿದೆವು. ಹನ್ನೊಂದು ಜನರಲ್ಲಿ ಮೂವರಿಗೆ ಮಾತ್ರ ಬರುತ್ತಿತ್ತು."

"ನಂಗೆ ಫುಲ್ ಬರುತ್ತೆ," ಎಂದ. ಹೆಮ್ಮೆಯಿಂದಲ್ಲ, ಕೆಲಸಕ್ಕೆ ಬೇಕಾಗುವ ಸರಕೊಂದು ತನ್ನಲ್ಲಿ ಇದೆ ಎಂಬಂತೆ.

ಕಲಮಜೂ ಬಳಿ ಪೆಟ್ರೋಲ್ ಹಾಕಿಸಲು ನಿಲ್ಲಿಸಿದೆ. ಅವನು ಇಳಿದು ಎರಡೂ ಕೈ ಚಾಚಿ ಮೈ ಮುರಿದ. ಎಡಗೈ ನೇರ ಹೋಯಿತು. ಬಲಗೈ ಮೊಣಕೈಯಲ್ಲಿ ನಿಂತುಬಿಟ್ಟಿತು, ಕಾಗೆಯ ರೆಕ್ಕೆಯ ಹಾಗೆ. ಮೈ ಮುರಿಯುವಾಗ ಯಾರೂ ನಟಿಸುವುದಿಲ್ಲ.

"ಅದೇನು ಕೈ?"

"ಇದಾ? ಸ್ಕೂಲಲ್ಲಿ ಮಂಕಿ ಬಾರ್ಸಿಂದ ಬಿದ್ದಿದ್ದು, ಅಂಕಲ್. ಥರ್ಡ್ ಗ್ರೇಡ್. ಮೂಳೆ ಸರಿ ಸೆಟ್ ಆಗಲಿಲ್ಲ. ಸ್ಟ್ರೇಟ್ ಆಗೋದೇ ಇಲ್ಲ ಇದು. ಡಾಕ್ಟರ್ ಲೆಟರ್ ಇದೆ." ಫೋನಿನಲ್ಲಿ ತೋರಿಸಲು ಬಂದ. ನಾನು ನೋಡಲಿಲ್ಲ. ನೋಡುವ ಅಗತ್ಯವಿರಲಿಲ್ಲ. ಬಾಗಿದ್ದು ಬಾಗಿಯೇ ಇದ್ದರೆ ಅದು ಕಲ್ಲೆಸೆತವಲ್ಲ. ಅದನ್ನು ಆರು ಓವರ್ ಕಣ್ಣೆವೆ ಮುಚ್ಚದೆ ನೋಡಿದ್ದೆ. ನೆಟ್ಟಗಾಗುತ್ತದೆಯೇ ಎಂದು ನೋಡಿರಲಿಲ್ಲ.

ಕಾರು ಹತ್ತಿದ ಮೇಲೆ ಹೇಳಿದೆ. "ಮೇ ತಿಂಗಳಲ್ಲಿ ನಿನ್ನ ಮೇಲೆ ದೂರು ಬರೆದವನು ನಾನು."

ಅವನು ನನ್ನ ಕಡೆ ತಿರುಗಿದ. "ಬಟ್ ನಂಗೆ ಯಾವ ಮೇಲೂ ಬಂದಿಲ್ಲ."

"ನನಗೆ ಬಂತು."

"ವಾಟ್?"

ಅಂಗಿಯ ಕಥೆಯನ್ನು ಮೊದಲಿನಿಂದ ಹೇಳಿದೆ. ಬರಿಮೈಯಲ್ಲಿ ಕಾರಿನ ತನಕ ನಡೆದದ್ದೂ, ಚಳಿಯೂ, ಅತ್ತೆಯವರನ್ನು ಪಟ್ಟಿಯಿಂದ ತೆಗೆದದ್ದೂ. ಹುಡುಗ ಡ್ಯಾಶ್‌ಬೋರ್ಡ್ ಬಡಿದು ಬಡಿದು ನಕ್ಕ. "ಸೋ ಯೂ ರಿಪೋರ್ಟೆಡ್ ಯುವರ್‌ಸೆಲ್ಫ್!" ಕಣ್ಣೊರೆಸಿಕೊಂಡು ಮತ್ತೆ ನಕ್ಕ. ಇಂಡಿಯಾನಾದೊಳಗೆ ಗಡಿಯಾರ ಒಂದು ತಾಸು ಹಿಂದಕ್ಕೆ ಹೋದಾಗಲೂ ನಡುನಡುವೆ ನಗುತ್ತಲೇ ಇದ್ದ.

ಆಮೇಲೆ ಕೇಳಿದ. "ಅಂಕಲ್... ಅವರು ನೋಡಿದಾಗ, ನಿಮ್ಮ ಆಕ್ಷನ್ ಓಕೆ ಇತ್ತಲ್ಲ?"

ಲಾರಿಯೊಂದು ಅಡ್ಡ ಬಂತು. ಪಕ್ಕದ ಲೇನಿಗೆ ಸರಿದೆ.

ಈಗ ಪಕ್ಕದ ಹಾಸಿಗೆಯಲ್ಲಿ ಕೂತು ಬೆರಳುಗಳಿಗೆ ಎಣ್ಣೆ ಹಚ್ಚಿಕೊಳ್ಳುತ್ತಿದ್ದಾನೆ. ಚೆಂಡನ್ನು ಬಹಳ ಬಿಗಿಯಾಗಿ ಹಿಡಿಯುತ್ತಾನೆ, ತೋರಿಸಿಕೊಟ್ಟೆ. ಸಡಿಲ ಮಾಡಿದರೆ ಇನ್ನೂ ಇಳಿಯುತ್ತದೆ.

ಜುಲೈ 26, ಶನಿವಾರ

ನನ್ನನ್ನು ಹತ್ತೂವರೆಗೆ ಕರೆದರು. ಒಂದು ಓವರ್ ಹಾಕು, ಆಮೇಲೆ ನೋಡೋಣ ಎಂದರು.

ಮೊದಲ ಎಸೆತ ನೇರ ಹಾಕಬೇಕೆಂದೇ ಓಡಿದೆ. ಕೈ ಕೇಳಲಿಲ್ಲ, ಹಳೆಯ ಹಾಗೆ ಹೋಯಿತು. ಆಫ್‌ನಿಂದ ಒಳಗೆ ಕೊರೆದು ಮಧ್ಯದ ಸ್ಟಂಪು ಹಾರಿತು. ಡೇರೆಯ ಕೆಳಗೆ ಕೂತ ಆಯ್ಕೆದಾರರು ಚಪ್ಪಾಳೆ ತಟ್ಟಿದರು. ಒಬ್ಬ ಕಾಗದ ತೆಗೆದು ಏನೋ ಬರೆದ. ವಯಸ್ಸೆಷ್ಟು ಎಂದು ಪಕ್ಕದವನನ್ನು ಕೇಳುತ್ತಿದ್ದ. ಚೇತನ್ ಗಡಿಯಲ್ಲಿ ನಿಂತು ಕೂಗಿದ.

ಹೊಸ ಬ್ಯಾಟ್ಸ್‌ಮನ್ ಬರುವ ತನಕ ನಿಂತೆ. ಅವನು ಬರಲು ಬಹಳ ಹೊತ್ತು ಹಿಡಿಯಿತು.

ಸ್ಕ್ವೇರ್ ಲೆಗ್ಗಿನಲ್ಲಿ ವಯಸ್ಸಾದ ಅಂಪೈರ್ ಒಬ್ಬರಿದ್ದರು, ಗಯಾನಾದವರು. ಅವರ ಬಳಿ ನಡೆದು ಹೋದೆ. "ಇನ್ನು ಐದು ಎಸೆತ ಉಳಿದಿದೆ. ಚೆಂಡು ನೋಡಬೇಡಿ, ನನ್ನ ಮೊಣಕೈ ನೋಡಿ," ಎಂದೆ. ಅವರು ತಲೆಯಾಡಿಸಿದರು.

ಎರಡನೆಯದು ನಾಲ್ಕು. ಮೂರನೆಯದು ಆರು. ನಾಲ್ಕನೆಯದಕ್ಕೆ ಎರಡು ಓಡಿದರು. ಐದನೆಯದು ಆರು, ಪಕ್ಕದ ಮೈದಾನದಲ್ಲಿ ಸಾಕರ್ ಆಡುತ್ತಿದ್ದ ಹುಡುಗಿಯರು ಚೆಂಡನ್ನು ಒದ್ದು ವಾಪಸ್ ಕಳಿಸಿದರು. ಆರನೆಯದು ನಾಲ್ಕು. ಡೇರೆಯ ಕೆಳಗಿನವನು ಬರೆದದ್ದರ ಮೇಲೆ ಗೆರೆ ಎಳೆದ.

ಓವರ್ ಮುಗಿಯಿತು. ಮುಂದಿನದು ಆಚೆ ತುದಿಯಿಂದ. ಆ ಅಂಪೈರ್ ಸ್ಟಂಪಿನ ಕಡೆ ನಡೆದು ಬರುತ್ತ ನನ್ನ ಪಕ್ಕದಲ್ಲಿ ಒಂದು ಕ್ಷಣ ನಿಂತರು.

"ಮೊದಲನೆಯದು ಕಂಡಿತ್ತು," ಎಂದರು. "ಎರಡನೆಯದಕ್ಕೆ ಕಾಯುತ್ತಿದ್ದೆ."

"ಉಳಿದ ಐದು?"

"ಐದೂ ಸರಿ ಇದ್ದವು," ಎಂದರು. "ಬಹಳ ಕೆಟ್ಟವು. ಆದರೆ ಸರಿ."

ಚೇತನ್ ಓಡಿ ಬಂದು ಕೈ ಚಾಚಿದ. ಚೆಂಡನ್ನು ಪ್ಯಾಂಟಿಗೆ ಉಜ್ಜಿ ಕೊಟ್ಟೆ.

"ಸಡಿಲ ಹಿಡಿ," ಎಂದೆ.